ನಮ್ಮ ಬೀದಿಯ ನಲ್ಲಿಗೆ ಒಡೆಯರು ಯಾರು?

ಬೆಳಗಿನ ಜಾವ ಐದು ಗಂಟೆ. ಇವತ್ತು ನೀರು ಬಿಡುವ ದಿನ. ಹಂಡೆ, ಕೊಡ, ಬಕೀಟು, ಕೊನೆಗೆ ಇಡ್ಲಿ ಪಾತ್ರೆಯನ್ನೂ ತೊಳೆದು ನಲ್ಲಿಯ ಮುಂದೆ ಸಾಲಾಗಿ ಇಟ್ಟುಕೊಂಡು ಕಾದಿದ್ದೀರಿ. ನಲ್ಲಿ ಒಮ್ಮೆ ಬುಸ್ಸೆಂದು ಗಾಳಿ ಬಿಟ್ಟು ಸುಮ್ಮನಾಯಿತು. ಆರೂವರೆಯಾದರೂ ಹನಿ ನೀರಿಲ್ಲ. ಎದುರು ಮನೆಯಾಕೆಯೂ ಖಾಲಿ ಕೊಡ ಹಿಡಿದು ಗೇಟಿನ ಹತ್ತಿರ ನಿಂತಿದ್ದಾರೆ.

"ಏನ್ರೀ, ನಿಮಗೂ ಬರಲಿಲ್ವಾ?"

"ಇಲ್ಲಾ ಕಣ್ರೀ. ಹಿಂದಿನ ಬೀದಿಗೆ ಚೆನ್ನಾಗಿ ಬಂತಂತೆ!"

"ಯಾರಿಗೆ ಹೇಳೋದು ಹೇಳಿ?"

"ಹೇಳಿದ್ರೆ ಯಾರು ಕೇಳ್ತಾರೆ ಬಿಡಿ."

ಈ ಮಾತುಕತೆ ನಿಮ್ಮ ಬೀದಿಯಲ್ಲಿ ನಡೆದಿಲ್ಲವೇ? ಖಂಡಿತ ನಡೆದಿರುತ್ತದೆ. ಮನೆಯವರನ್ನು ಕೇಳಿದರೆ ಮೊಬೈಲಿನಿಂದ ತಲೆ ಎತ್ತದೆ "ಮುನಿಸಿಪಾಲಿಟಿ ಹಣೆಬರಹ ಗೊತ್ತಲ್ಲ" ಎಂದುಬಿಡುತ್ತಾರೆ. ಅವರದ್ದೇನು, ಎರಡು ಚೊಂಬು ನೀರಿನಲ್ಲಿ ಸ್ನಾನ ಮುಗಿಸಿ ಹೊರಟರಾಯಿತು. ಪಾತ್ರೆ, ಬಟ್ಟೆ, ಅಡಿಗೆ, ಮಕ್ಕಳ ಸ್ನಾನ ಎಲ್ಲಾ ನಿಮ್ಮ ತಲೆಯ ಮೇಲೆ.

ಈಗ ಒಂದು ಪ್ರಶ್ನೆ ಕೇಳುತ್ತೇನೆ, ಬೇಜಾರು ಮಾಡಿಕೊಳ್ಳಬೇಡಿ. ನಿಮ್ಮ ವಾರ್ಡಿನ ನಂಬರು ನಿಮಗೆ ಗೊತ್ತೇ? ವಾರ್ಡಿನ ಸದಸ್ಯರು ಯಾರು? ಅವರ ಮನೆ ಎಲ್ಲಿ? ಪ್ರಧಾನ ಮಂತ್ರಿ ಯಾರು, ಮುಖ್ಯಮಂತ್ರಿ ಯಾರು ಎಂದರೆ ಮೂರನೇ ಕ್ಲಾಸಿನ ಮಗುವೂ ಹೇಳುತ್ತದೆ. ಆದರೆ ನಮ್ಮ ನಲ್ಲಿಗೆ ನೀರು ತರಿಸಬೇಕಾದ, ನಮ್ಮ ಚರಂಡಿಯ ಹೂಳು ಎತ್ತಿಸಬೇಕಾದ ವ್ಯಕ್ತಿಯ ಹೆಸರು ಕೇಳಿದರೆ ನಮ್ಮಲ್ಲಿ ಅನೇಕರು ಮುಖ ಮುಖ ನೋಡುತ್ತೇವೆ. "ರಾಜಕೀಯ ನಮಗ್ಯಾಕೆ?" ಎನ್ನುತ್ತೇವೆ. ಸೋದರಿಯರೇ, ಇದು ರಾಜಕೀಯ ನಿಜ, ಆದರೆ ಇದು ನಮ್ಮ ಅಡಿಗೆಮನೆಯ ಒಳಗಿನ ರಾಜಕೀಯ. ಹಾಗಾಗಿ ಸಾರಿಗೆ ಒಗ್ಗರಣೆ ಹಾಕಿ, ಒಲೆ ಆರಿಸಿ, ಹತ್ತು ನಿಮಿಷ ಕೂತು ಓದಿ.

ವಾರ್ಡು ಎಂದರೆ ಎಷ್ಟು ದೊಡ್ಡದು?

ಕರ್ನಾಟಕದಲ್ಲಿ ಊರಿನ ಜನಸಂಖ್ಯೆ ನೋಡಿ ಅದರ ಆಡಳಿತಕ್ಕೆ ಹೆಸರು ಕೊಡುತ್ತಾರೆ. 10 ಸಾವಿರದಿಂದ 20 ಸಾವಿರ ಜನ ಇದ್ದರೆ ಪಟ್ಟಣ ಪಂಚಾಯಿತಿ. 20 ಸಾವಿರದಿಂದ 50 ಸಾವಿರದವರೆಗೆ ಪುರಸಭೆ. 50 ಸಾವಿರದಿಂದ 3 ಲಕ್ಷದವರೆಗೆ ನಗರಸಭೆ. ಅದಕ್ಕೂ ಮೇಲೆ ಮಹಾನಗರ ಪಾಲಿಕೆ. ಮೊದಲ ಮೂರು 1964ರ ಪೌರಸಭೆಗಳ ಕಾಯ್ದೆಯಂತೆ ನಡೆದರೆ, ಪಾಲಿಕೆಗಳಿಗೆ 1976ರ ಬೇರೆ ಕಾಯ್ದೆ ಇದೆ.

ಊರನ್ನು ತುಂಡು ತುಂಡಾಗಿ ವಿಂಗಡಿಸಿ, ಒಂದೊಂದು ತುಂಡಿಗೆ ಒಬ್ಬೊಬ್ಬರು ಸದಸ್ಯರನ್ನು ಆರಿಸುತ್ತೇವೆ. ಆ ತುಂಡೇ ವಾರ್ಡು. ಪುರಸಭೆಗಳಲ್ಲಿ ಸಾಮಾನ್ಯವಾಗಿ 23 ಅಥವಾ 27 ವಾರ್ಡು, ನಗರಸಭೆಗಳಲ್ಲಿ 31 ಅಥವಾ 35. ಕುಂದಾಪುರದಲ್ಲಿ 23, ಉಡುಪಿಯಲ್ಲಿ 35. ಮೈಸೂರು ಪಾಲಿಕೆಯಲ್ಲಿ 65, ಹುಬ್ಬಳ್ಳಿ-ಧಾರವಾಡದಲ್ಲಿ 82.

ಈಗ ಸ್ವಲ್ಪ ಮನೆ ಲೆಕ್ಕ ಹಾಕೋಣ. 30 ಸಾವಿರ ಜನರ ಊರು, 23 ವಾರ್ಡು ಎಂದಿಟ್ಟುಕೊಳ್ಳಿ. ಒಂದು ವಾರ್ಡಿಗೆ ಸುಮಾರು 1,300 ಜನ. ಅದರಲ್ಲಿ ಮಕ್ಕಳನ್ನು ಬಿಟ್ಟರೆ ವೋಟಿರುವವರು ಸಾವಿರದ ಆಸುಪಾಸು. ನೂರಕ್ಕೆ ಎಪ್ಪತ್ತು ಮಂದಿ ಬಂದು ವೋಟು ಹಾಕಿದರೂ 700. ಮೂರು ಜನ ನಿಂತರೆ 300 ವೋಟು ಬಿದ್ದವರು ಗೆದ್ದೇಬಿಡುತ್ತಾರೆ! ಮುನ್ನೂರು ವೋಟೆಂದರೆ ಎಷ್ಟು? ನೂರು ಮನೆ. ನಿಮ್ಮ ಗೌರಿಹಬ್ಬದ ಬಾಗಿನಕ್ಕೆ, ನವರಾತ್ರಿಯ ಗೊಂಬೆ ನೋಡಲು ಬರುವ ಹೆಂಗಸರ ಬಳಗವೇ ಅದರಲ್ಲಿ ಮೂರರಲ್ಲೊಂದು ಪಾಲು ಆದೀತು. ಪಾರ್ಲಿಮೆಂಟಿನ ಚುನಾವಣೆಯಲ್ಲಿ ನಮ್ಮ ಒಂದು ವೋಟು ಹದಿನೈದು ಲಕ್ಷದಲ್ಲಿ ಒಂದು ಸಾಸಿವೆ ಕಾಳು. ವಾರ್ಡಿನ ಚುನಾವಣೆಯಲ್ಲಿ ಅದು ಬೆಲ್ಲದಚ್ಚು. ವಾರ್ಡುಗಳಲ್ಲಿ ಇಬ್ಬರಿಗೆ ಸಮಸಮ ವೋಟು ಬಂದು, ಚೀಟಿ ಎತ್ತಿ ಗೆದ್ದವರನ್ನು ತೀರ್ಮಾನಿಸುವುದೂ ಉಂಟು. ಅಂಥ ವಾರ್ಡಿನಲ್ಲಿ "ಬಿಸಿಲು ಜಾಸ್ತಿ, ಸಂಜೆ ಹೋದರಾಯ್ತು" ಎಂದು ಮನೆಯಲ್ಲೇ ಉಳಿದ ಒಬ್ಬಾಕೆಗೆ ಆಮೇಲೆ ಏನನ್ನಿಸಿರಬೇಡ!

ಯಾವ ಕೆಲಸ ಯಾರದು?

ಅಗಸೆಯಲ್ಲಿ ಕೂಗಿದರೆ ಅರಮನೆಗೆ ಕೇಳೀತೇ? ಯಾರ ಕೆಲಸ ಯಾರದೆಂದು ತಿಳಿಯದೆ ಕೂಗಿದರೆ ಗಂಟಲು ಒಣಗುತ್ತದೆ, ಅಷ್ಟೆ.

ನಲ್ಲಿ ನೀರಿನ ಹಂಚಿಕೆ, ಚರಂಡಿ, ಕಸ, ಬೀದಿ ದೀಪ, ಊರೊಳಗಿನ ರಸ್ತೆ, ಸಂತೆ-ಮಾರುಕಟ್ಟೆ, ಸ್ಮಶಾನ, ಸಾರ್ವಜನಿಕ ಶೌಚಾಲಯ, ಜನನ-ಮರಣದ ನೋಂದಣಿ, ಮನೆಯ ಖಾತೆ, ಮನೆ ಕಟ್ಟಲು ಪರವಾನಗಿ ಇವೆಲ್ಲ ಪುರಸಭೆಯ ಕೆಲಸ. ದೂರದ ಹೊಳೆಯಿಂದ ಪೈಪು ಹಾಕಿ ಊರಿಗೆ ನೀರು ತರುವಂಥ ದೊಡ್ಡ ಯೋಜನೆಗಳನ್ನು 1975ರಲ್ಲಿ ಹುಟ್ಟಿದ ರಾಜ್ಯದ ನಗರ ನೀರು ಸರಬರಾಜು ಮಂಡಳಿ ನೋಡಿಕೊಳ್ಳುತ್ತದೆ. ಆದರೆ ಟ್ಯಾಂಕಿಗೆ ಬಂದ ನೀರನ್ನು ಯಾವ ಬೀದಿಗೆ ಯಾವ ದಿನ ಎಷ್ಟು ಹೊತ್ತು ಬಿಡಬೇಕು ಎನ್ನುವುದು ಸಾಮಾನ್ಯವಾಗಿ ಊರಿನಲ್ಲೇ ತೀರ್ಮಾನವಾಗುತ್ತದೆ. ಹಿಂದಿನ ಬೀದಿಗೆ ಬಂದು ನಮ್ಮ ಬೀದಿಗೆ ಬಾರದ ನೀರಿನ ಗುಟ್ಟು ಅಲ್ಲೇ ಇರುತ್ತದೆ!

ಕರೆಂಟು ಹೋದರೆ ಅದು ವಿದ್ಯುತ್ ಕಂಪನಿಯ ಕೆಲಸ, ಬೀದಿ ದೀಪದ ಬಲ್ಬು ಹೋದರೆ ಪುರಸಭೆಯ ಕೆಲಸ. ರೇಷನ್ ಕಾರ್ಡಿಗೆ ಆಹಾರ ಇಲಾಖೆ. ಸರಗಳ್ಳರ ಕಾಟಕ್ಕೆ ಪೊಲೀಸು. ಇವುಗಳಿಗೆಲ್ಲ ಕೌನ್ಸಿಲರ್ ಮನೆ ಮುಂದೆ ಹೋಗಿ ನಿಂತರೆ ಅವರು ತಾನೇ ಏನು ಮಾಡಿಯಾರು?

ಪುರಸಭೆಯ ನಿತ್ಯದ ಆಡಳಿತ ನೋಡುವವರು ಮುಖ್ಯಾಧಿಕಾರಿಗಳು. ನಗರಸಭೆಯಲ್ಲಾದರೆ ಪೌರಾಯುಕ್ತರು. ಇವರು ಸರ್ಕಾರದ ನೌಕರರು, ಇಂದು ಇಲ್ಲಿ, ನಾಳೆ ವರ್ಗವಾಗಿ ಇನ್ನೊಂದು ಊರು. ಆದರೆ ಬಜೆಟ್ಟಿಗೆ ಒಪ್ಪಿಗೆ ಕೊಡುವುದು, ಈ ವರ್ಷ ಯಾವ ಚರಂಡಿ, ಯಾವ ರಸ್ತೆ ಎಂದು ಕ್ರಿಯಾ ಯೋಜನೆಯಲ್ಲಿ ಸೇರಿಸುವುದು ನಾವು ಆರಿಸಿ ಕಳಿಸಿದ ಸದಸ್ಯರ ಸಭೆ. ಊರಿನ ಶಾಸಕರು, ಸಂಸದರೂ ಈ ಸಭೆಯ ಸದಸ್ಯರೇ. ಸರ್ಕಾರ ಕೆಲವರನ್ನು ನಾಮಕರಣ ಮಾಡಿಯೂ ಕಳಿಸುತ್ತದೆ. ಆದರೆ ಅವರಿಗೆ ಸಭೆಯಲ್ಲಿ ಮತ ಹಾಕುವ ಹಕ್ಕಿಲ್ಲ. ಅಂದರೆ ನಿಮ್ಮ ಬೀದಿಯ ಪರವಾಗಿ ಕೈ ಎತ್ತಲು ಇರುವವರು ನಿಮ್ಮ ವಾರ್ಡಿನ ಆ ಒಬ್ಬರೇ. ಅವರು ಬಾಯಿ ಬಿಡದಿದ್ದರೆ ನಿಮ್ಮ ಬೀದಿಗೆ ಬಾಯಿಲ್ಲ.

ಅರ್ಧ ಪಾಲು ನಮ್ಮದು

ನಮ್ಮ ಅಜ್ಜಿಯರ ಕಾಲದಲ್ಲಿ ಆಸ್ತಿ ಇದ್ದವರಿಗೆ, ತೆರಿಗೆ ಕಟ್ಟುವವರಿಗೆ ಮಾತ್ರ ವೋಟು ಇತ್ತು. ಹೆಂಗಸರ ಹೆಸರಿನಲ್ಲಿ ಆಸ್ತಿ ಇರುವುದು ಎಷ್ಟು ಮನೆಯಲ್ಲಿ? ಅಂಥ ಕಾಲದಲ್ಲೇ, 1926ರಲ್ಲಿ, ಮಂಗಳೂರಿನ ಮಗಳು ಕಮಲಾದೇವಿ ಚಟ್ಟೋಪಾಧ್ಯಾಯರು ಮದರಾಸು ಶಾಸನ ಸಭೆಯ ಚುನಾವಣೆಗೆ ನಿಂತರು. ಅವರಿಗಾಗ ಇನ್ನೂ ಇಪ್ಪತ್ತಮೂರು ವರ್ಷ. ಅಲ್ಪ ಮತಗಳಲ್ಲಿ ಸೋತರು. ಆದರೆ ಹೆಣ್ಣು ಚುನಾವಣೆಗೆ ನಿಲ್ಲಬಹುದು ಎಂಬುದನ್ನು ದೇಶಕ್ಕೇ ತೋರಿಸಿಕೊಟ್ಟರು. ಸ್ವಾತಂತ್ರ್ಯ ಬಂದು 1950ರಲ್ಲಿ ಸಂವಿಧಾನ ಜಾರಿಗೆ ಬಂದಾಗ ಗಂಡು ಹೆಣ್ಣೆಂಬ ಭೇದವಿಲ್ಲದೆ ಪ್ರಾಯಕ್ಕೆ ಬಂದವರೆಲ್ಲರಿಗೂ ವೋಟು ಸಿಕ್ಕಿತು. ಆಗ 21 ವರ್ಷ ತುಂಬಿರಬೇಕಿತ್ತು. 1989ರಿಂದ 18 ತುಂಬಿದರೆ ಸಾಕು.

ವೋಟು ಸಿಕ್ಕಿತು, ಆದರೆ ಕುರ್ಚಿ? ಮುನಿಸಿಪಾಲಿಟಿಯ ಸಭೆಗಳಲ್ಲಿ ಬಹುಕಾಲ ಬರೀ ಪಂಚೆ, ಪ್ಯಾಂಟುಗಳೇ. ಎಲ್ಲೋ ಒಂದು ಸೀರೆ. ಕರ್ನಾಟಕ 1983ರ ಕಾಯ್ದೆಯಿಂದ ಹಳ್ಳಿಗಳ ಕಡೆ ಮಂಡಲ ಪಂಚಾಯಿತಿ, ಜಿಲ್ಲಾ ಪರಿಷತ್ತುಗಳಲ್ಲಿ ಹೆಂಗಸರಿಗೆ ನೂರಕ್ಕೆ 25 ಸ್ಥಾನ ಮೀಸಲಿಟ್ಟಿತು. 1987ರಲ್ಲಿ ಚುನಾವಣೆಯೂ ನಡೆಯಿತು. ಆಮೇಲೆ ಇಡೀ ದೇಶಕ್ಕೆ ಅನ್ವಯಿಸುವಂತೆ ಸಂವಿಧಾನದ 74ನೇ ತಿದ್ದುಪಡಿ ಬಂತು. 1992ರಲ್ಲಿ ಒಪ್ಪಿಗೆಯಾಗಿ 1993ರ ಜೂನ್ 1ರಿಂದ ಜಾರಿಯಾಯಿತು. ಪಟ್ಟಣ, ನಗರಗಳ ಸಭೆಗಳಲ್ಲಿ ಮೂರರಲ್ಲಿ ಒಂದು ಪಾಲಿಗೆ ಕಡಿಮೆಯಿಲ್ಲದಂತೆ ಮಹಿಳೆಯರಿಗೆ ಸ್ಥಾನ ಎಂದು ಅದು ಹೇಳಿತು. ಕರ್ನಾಟಕ ಅಷ್ಟಕ್ಕೇ ನಿಲ್ಲದೆ ಅದನ್ನು ಅರ್ಧಕ್ಕೆ ಏರಿಸಿತು. 2015ರ ಬೆಂಗಳೂರು ಪಾಲಿಕೆ ಚುನಾವಣೆಯಲ್ಲಿ ಅರ್ಧದಷ್ಟು ವಾರ್ಡುಗಳು ಹೆಂಗಸರಿಗೆ ಮೀಸಲಾಗಿದ್ದವು. ಮುಂದೆ ಮಹಿಳೆಯರು ಮೇಯರ್ ಗೌನನ್ನೂ ತೊಟ್ಟರು. 2016ರಲ್ಲಿ ಜಿ. ಪದ್ಮಾವತಿ, 2018ರಲ್ಲಿ ಗಂಗಾಂಬಿಕೆ.

ಇಷ್ಟೆಲ್ಲಾ ಕೇಳಿ ನೀವು ನಗಬಹುದು. "ನಮ್ಮ ವಾರ್ಡಿನಲ್ಲೂ ಹೆಂಗಸೇ ಗೆದ್ದಿರೋದು ಕಣ್ರೀ. ಆದರೆ ಫೋನು ಎತ್ತೋದು ಅವರ ಯಜಮಾನರು!" ಹೌದು, ಇದು ನಮ್ಮ ಊರುಊರಿನ ಕಥೆ. ಬ್ಯಾನರಿನಲ್ಲಿ ಆಕೆಯ ಹೆಸರಿನ ಪಕ್ಕ ಗಂಡನದ್ದೇ ದೊಡ್ಡ ಫೋಟೋ. ಕಂಟ್ರಾಕ್ಟರು ಬಂದರೆ ಮಾತಾಡುವುದು ಅವರು, ಆಕೆ ಕಾಫಿ ತಂದಿಟ್ಟು ಒಳಗೆ ಹೋಗುವುದು. ಇದಕ್ಕೆ ಆಕೆಯನ್ನೊಬ್ಬಳನ್ನೇ ದೂರಿದರೆ ಅನ್ಯಾಯ. ಮೀಸಲು ಪಟ್ಟಿ ಬಂದ ಕೂಡಲೇ "ನಮ್ಮ ಮನೆಯವಳನ್ನು ನಿಲ್ಲಿಸ್ತೀನಿ" ಎಂದವರು ಅವರು. ಆಮೇಲೆ ದೂರು ಹೇಳಲು ಹೋದ ನಾವೂ "ಸಾರ್ ಇದ್ದಾರಾ?" ಎಂದೇ ಕೇಳುತ್ತೇವಲ್ಲ, ಅದು ನಮ್ಮ ತಪ್ಪು.

ಇನ್ನು ಮುಂದೆ ಹೋದಾಗ "ಮೇಡಂ ಇದ್ದಾರಾ?" ಎಂದು ಕೇಳಿ. ಯಜಮಾನರು "ನನ್ನ ಹತ್ರಾನೇ ಹೇಳಿ" ಎಂದರೆ "ಪರವಾಗಿಲ್ಲ, ಅವರು ಬರೋ ತನಕ ಕೂತಿರ್ತೀವಿ" ಎಂದು ನಗುತ್ತಲೇ ಹೇಳಿ. ನಾಲ್ಕು ಹೆಂಗಸರು ಒಟ್ಟಿಗೆ ಹೋಗಿ ಮೂರು ಬಾರಿ ಹೀಗೆ ಕೂತರೆ ನಾಲ್ಕನೇ ಬಾರಿ ಆಕೆಯೇ ಹೊರಗೆ ಬಂದು ಮಾತಾಡುತ್ತಾರೆ. ಆಕೆಗೂ ಧೈರ್ಯ ಬರಬೇಡವೇ? ಅತ್ತೆಯ ಮನೆಗೆ ಹೊಸದಾಗಿ ಬಂದಾಗ ನಮಗೂ ಒಂದು ಹುಳಿ ಮಾಡಲು ಕೈ ನಡುಗುತ್ತಿತ್ತು. ಮಾಡುತ್ತಾ ಮಾಡುತ್ತಾ ತಾನೇ ಕೈ ಪಳಗಿದ್ದು?

ಇನ್ನೊಂದು ಮಾತು. ಮಹಿಳಾ ಮೀಸಲು ಅಲ್ಲದ ಸಾಮಾನ್ಯ ವಾರ್ಡಿನಲ್ಲೂ ಹೆಂಗಸರು ನಿಲ್ಲಬಹುದು. 21 ವರ್ಷ ತುಂಬಿರಬೇಕು, ಆ ಊರಿನ ಮತದಾರರ ಪಟ್ಟಿಯಲ್ಲಿ ಹೆಸರಿರಬೇಕು. "ನನಗೇನು ಗೊತ್ತು ರಾಜಕೀಯ" ಎನ್ನಬೇಡಿ. ತಿಂಗಳ ಸಂಬಳದಲ್ಲಿ ಹಾಲು, ದಿನಸಿ, ಸ್ಕೂಲ್ ಫೀಸು, ಔಷಧಿ, ನಾದಿನಿಯ ಸೀಮಂತ ಎಲ್ಲವನ್ನೂ ತೂಗಿಸುವವರಿಗೆ ಬಜೆಟ್ಟೆಂದರೆ ಹೊಸದೇ?

ಕುರ್ಚಿಯೇ ಖಾಲಿಯಾದರೆ?

ಸದಸ್ಯರು ಕೆಲಸ ಮಾಡದಿದ್ದರೆ ಬಯ್ಯಬಹುದು. ಆದರೆ ಸದಸ್ಯರೇ ಇಲ್ಲದಿದ್ದರೆ? ಇದು ಕಟ್ಟುಕಥೆಯಲ್ಲ.

ಸಂವಿಧಾನ ಸ್ಪಷ್ಟವಾಗಿ ಹೇಳುತ್ತದೆ. ಪುರಸಭೆಯೇ ಆಗಲಿ, ಪಾಲಿಕೆಯೇ ಆಗಲಿ, ಮೊದಲ ಸಭೆ ನಡೆದ ದಿನದಿಂದ ಐದು ವರ್ಷ ಅದರ ಆಯುಸ್ಸು. ಅದು ಮುಗಿಯುವ ಮೊದಲೇ ಮುಂದಿನ ಚುನಾವಣೆ ಮುಗಿದಿರಬೇಕು. ಸುಪ್ರೀಂ ಕೋರ್ಟೂ 2006ರಲ್ಲಿ ಅಹಮದಾಬಾದಿನ ಪಾಲಿಕೆಯ ಮೊಕದ್ದಮೆಯಲ್ಲಿ ಇದನ್ನೇ ಒತ್ತಿ ಹೇಳಿತು. ಆದರೆ ನಮ್ಮ ರಾಜಧಾನಿಯಲ್ಲಿ ಆದದ್ದೇನು? ಬೆಂಗಳೂರು ಪಾಲಿಕೆಯ ಅವಧಿ 2006ರ ನವೆಂಬರಿನಲ್ಲಿ ಮುಗಿಯಿತು. 2007ರಲ್ಲಿ ಸುತ್ತಲಿನ 7 ನಗರಸಭೆ, ಒಂದು ಪುರಸಭೆ, 110 ಹಳ್ಳಿಗಳನ್ನು ಸೇರಿಸಿ ಬೃಹತ್ ಬೆಂಗಳೂರು ಮಹಾನಗರ ಪಾಲಿಕೆ ಮಾಡಿದರು. ಚುನಾವಣೆ ನಡೆದದ್ದು 2010ರ ಮಾರ್ಚ್ 28ಕ್ಕೆ. ಮೂರು ವರ್ಷದ ಮೇಲೆ! ಆಗ 198 ವಾರ್ಡು. 2015ರ ಆಗಸ್ಟ್ 22ರಂದು ಮತ್ತೆ ಚುನಾವಣೆಯಾಯಿತು. ಆ ಸದಸ್ಯರ ಅವಧಿ 2020ರ ಸೆಪ್ಟೆಂಬರ್ 10ಕ್ಕೆ ಮುಗಿಯಿತು. ಅಲ್ಲಿಂದ ಶುರುವಾಯಿತು ನೋಡಿ, ಮುಗಿಯದ ಕಾಯುವಿಕೆ.

ವಾರ್ಡುಗಳನ್ನು 243 ಮಾಡುತ್ತೇವೆ ಎಂದರು. 2020ರ ಡಿಸೆಂಬರಿನಲ್ಲಿ ಹೈಕೋರ್ಟು 198 ವಾರ್ಡಿಗೇ ಬೇಗ ಚುನಾವಣೆ ಮಾಡಿ ಎಂದಿತು, ಅದೇ ತಿಂಗಳು ಸುಪ್ರೀಂ ಕೋರ್ಟಿನಿಂದ ತಡೆ ಬಂತು. 2023ರಲ್ಲಿ 243 ಹೋಗಿ 225 ಆಯಿತು. ಕೊನೆಗೆ 2025ರ ಸೆಪ್ಟೆಂಬರಿನಲ್ಲಿ ಇದ್ದ ಒಂದು ಪಾಲಿಕೆಯನ್ನೇ ತೆಗೆದು, ಗ್ರೇಟರ್ ಬೆಂಗಳೂರು ಪ್ರಾಧಿಕಾರದ ಕೆಳಗೆ ಕೇಂದ್ರ, ಉತ್ತರ, ದಕ್ಷಿಣ, ಪೂರ್ವ, ಪಶ್ಚಿಮ ಎಂದು ಐದು ಪಾಲಿಕೆ ಮಾಡಿದರು. ವಾರ್ಡುಗಳ ಸಂಖ್ಯೆ 369ಕ್ಕೆ ಏರಿತು. 2025ನೇ ಇಸವಿ ಮುಗಿಯುವ ಹೊತ್ತಿಗೂ ಒಬ್ಬರೂ ಆರಿಸಿ ಬಂದಿರಲಿಲ್ಲ. ಐದು ವರ್ಷದ ಮೇಲೆ ಅಷ್ಟು ದೊಡ್ಡ ಊರಿನಲ್ಲಿ ಜನ ಆರಿಸಿದ ಒಬ್ಬ ಕೌನ್ಸಿಲರ್ ಇಲ್ಲ! ಆ ಐದು ವರ್ಷದಲ್ಲಿ ಹುಟ್ಟಿದ ಕೂಸು ಸ್ಕೂಲಿಗೆ ಸೇರುವಷ್ಟು ದೊಡ್ಡದಾಯಿತು.

"ಅದು ಬೆಂಗಳೂರು, ನಮಗೇನು?" ಎನ್ನುತ್ತೀರೋ? ಸಣ್ಣ ಊರುಗಳ ಪಾಡೂ ಕೇಳಿ. 2018ರ ಆಗಸ್ಟ್ 31ರಂದು ರಾಜ್ಯದ ನೂರಕ್ಕೂ ಹೆಚ್ಚು ಊರುಗಳಲ್ಲಿ ಚುನಾವಣೆ ನಡೆಯಿತು. ಸೆಪ್ಟೆಂಬರ್ 3ಕ್ಕೆ ಎಣಿಕೆಯಾಗಿ, ಗೆದ್ದವರು ಹಾರ ಹಾಕಿಸಿಕೊಂಡು ಮೆರವಣಿಗೆ ಮಾಡಿದರು. ಆದರೆ ಅಧ್ಯಕ್ಷ, ಉಪಾಧ್ಯಕ್ಷರ ಸ್ಥಾನ ಯಾವ ಊರಿನಲ್ಲಿ ಯಾವ ವರ್ಗಕ್ಕೆ ಮೀಸಲು ಎಂಬ ಪಟ್ಟಿ ಕೋರ್ಟು ಹತ್ತಿತು. ಪುರಸಭೆ, ನಗರಸಭೆಗಳಲ್ಲಿ ಗೆದ್ದವರು ಹೆಚ್ಚುಕಡಿಮೆ ಎರಡು ವರ್ಷ, ಅಂದರೆ 2020ರ ಕೊನೆಯ ತನಕ, ಹೆಸರಿಗೆ ಸದಸ್ಯರು. ಸಭೆಯೂ ಇಲ್ಲ, ಅಧಿಕಾರವೂ ಇಲ್ಲ. ನಿಶ್ಚಿತಾರ್ಥವಾಗಿ ಎರಡು ವರ್ಷ ಧಾರೆಯಾಗದ ಹುಡುಗಿಯ ಹಾಗೆ! ಅಧ್ಯಕ್ಷರ ಮೊದಲ 30 ತಿಂಗಳು ಮುಗಿದು 2023ರಲ್ಲಿ ಎರಡನೆಯವರು ಬರಬೇಕಾಗಿದ್ದಾಗಲೂ ಅದೇ ಗತಿ, 2024ರ ತನಕ ಎಳೆಯಿತು. ಅತ್ತ ಮೈಸೂರು, ಶಿವಮೊಗ್ಗ ಪಾಲಿಕೆಗಳ ಅವಧಿ 2023ರ ನವೆಂಬರಿನಲ್ಲಿ ಮುಗಿದ ಮೇಲೆ ಅಲ್ಲೂ ಕುರ್ಚಿಗಳು ಖಾಲಿ ಬಿದ್ದವು.

ಕುರ್ಚಿ ಖಾಲಿಯಾದಾಗ ಡಿ.ಸಿ., ಎ.ಸಿ., ತಹಸೀಲ್ದಾರರಂಥ ಅಧಿಕಾರಿಗಳನ್ನು ಆಡಳಿತಾಧಿಕಾರಿ ಎಂದು ಕೂರಿಸುತ್ತಾರೆ. ಅವರಲ್ಲಿ ಒಳ್ಳೆಯವರು, ಚುರುಕಿನವರು ಬೇಕಾದಷ್ಟು ಮಂದಿ ಇದ್ದಾರೆ. ಆದರೆ ನಿಮ್ಮ ಬೀದಿಯ ಮೂರನೇ ತಿರುವಿನಲ್ಲಿ ಚರಂಡಿ ಉಕ್ಕುತ್ತದೆ ಎಂದು ಅವರಿಗೆ ಹೇಗೆ ಗೊತ್ತಾಗಬೇಕು? ರಾತ್ರಿ ಎಂಟಕ್ಕೆ ಅವರ ಬಂಗಲೆಯ ಗೇಟು ತಟ್ಟುತ್ತೀರಾ? ನಿಮ್ಮ ಸೊಸೆಯ ಅರಿಶಿನ ಕುಂಕುಮಕ್ಕೆ ಬರುವ, ಸಂತೆಯಲ್ಲಿ ಎದುರು ಸಿಕ್ಕಾಗ ಮುಖ ತಪ್ಪಿಸಲಾಗದ ಕೌನ್ಸಿಲರ್ ಬೇರೆ, ಕಡತ ನೋಡುವ ಸಾಹೇಬರು ಬೇರೆ. ಐದು ವರ್ಷಕ್ಕೊಮ್ಮೆ ನಿಮ್ಮ ಬಾಗಿಲಿಗೆ ಬಂದು ಕೈ ಮುಗಿಯಬೇಕು ಎಂಬ ಅಳುಕು ಅಧಿಕಾರಿಗಿಲ್ಲ. ಚುನಾವಣೆ ತಪ್ಪಿದರೆ ನಮಗೆ ತಪ್ಪಿಹೋಗುವುದು ಆ ಅಳುಕು.

ಬೀದಿ ಅದೇ, ವಾರ್ಡು ಬೇರೆ

ಚುನಾವಣೆ ಹತ್ತಿರ ಬಂದಾಗ ಎರಡು ಪಟ್ಟಿಗಳು ಹೊರಡುತ್ತವೆ. ಒಂದು, ವಾರ್ಡುಗಳ ಗಡಿಯ ಪಟ್ಟಿ. ಎರಡು, ಮೀಸಲಾತಿಯ ಪಟ್ಟಿ. ಗಂಡಸರು ಇವನ್ನು ಕಟ್ಟೆಯ ಮೇಲೆ ಕೂತು ಗಂಟೆಗಟ್ಟಲೆ ಚರ್ಚಿಸುತ್ತಾರೆ. ನಾವೂ ಕಣ್ಣಾಡಿಸಬೇಕು.

ಜನಸಂಖ್ಯೆ ಸರಿಸಮ ಹಂಚಿಕೆಯಾಗಲಿ ಎಂದು ಗಡಿ ಬದಲಿಸುವುದು ಸರಿಯೇ. ಆದರೆ ಗೆರೆ ಎಳೆಯುವಾಗ ಒಂದೇ ಬೀದಿಯ ಎಡಸಾಲು ಒಂದು ವಾರ್ಡಿಗೆ, ಬಲಸಾಲು ಇನ್ನೊಂದಕ್ಕೆ ಹೋದರೆ? ಒಂದೇ ಚರಂಡಿಗೆ ಇಬ್ಬರು ಯಜಮಾನರು. ಇಬ್ಬರೂ "ಅದು ಆ ಕಡೆಯವರದ್ದು" ಎನ್ನುತ್ತಾರೆ. ಅದಕ್ಕೇ ಮೊದಲು ಕರಡು ಪ್ರಕಟಿಸಿ, ಆಕ್ಷೇಪಣೆ ಕೊಡಲು ಕೆಲವು ದಿನ ಬಿಡುತ್ತಾರೆ. ಆ ದಿನಗಳಲ್ಲಿ ಬೀದಿಯವರೆಲ್ಲ ಸಹಿ ಹಾಕಿ ಒಂದು ಅರ್ಜಿ ಕೊಟ್ಟರೆ ಅದಕ್ಕೆ ಬೆಲೆಯಿದೆ. ಆಮೇಲೆ ಅತ್ತು ಪ್ರಯೋಜನವಿಲ್ಲ.

ಮೀಸಲಾತಿ ಸುತ್ತುತ್ತಾ ಹೋಗುತ್ತದೆ. ಈ ಸಲ ಮಹಿಳೆಗೆ, ಮುಂದಿನ ಸಲ ಸಾಮಾನ್ಯ, ಆಮೇಲೆ ಪರಿಶಿಷ್ಟ ಜಾತಿಗೆ, ಹಿಂದುಳಿದ ವರ್ಗಕ್ಕೆ. ಎಲ್ಲರಿಗೂ ಅವಕಾಶ ಸಿಗಲಿ ಎಂದು ಮಾಡಿದ್ದು, ಒಳ್ಳೆಯದೇ. ಆದರೆ ಐದು ವರ್ಷ ಓಡಾಡಿ ಕೆಲಸ ಕಲಿತ ಒಬ್ಬಾಕೆಗೆ ಮುಂದಿನ ಸಲ "ಈಗ ಇದು ಜನರಲ್ ಅಲ್ಲವಾ, ನೀವು ಬಿಡಿ" ಎಂದುಬಿಡುತ್ತಾರೆ. ಆಗ ನಾವೇ ಹೋಗಿ "ಯಾಕೆ ಬಿಡಬೇಕು? ಕೆಲಸ ಮಾಡಿದ್ದೀರಿ, ನಿಲ್ಲಿ. ನಾವಿದ್ದೇವೆ" ಎನ್ನಬೇಕು.

ಕುಕ್ಕರಿನ ಲೆಕ್ಕ

ಇನ್ನು ಸ್ವಲ್ಪ ಸಂಕೋಚದ ಮಾತು. ಚುನಾವಣೆಯ ಹಿಂದಿನ ರಾತ್ರಿ ಬಾಗಿಲು ತಟ್ಟಿ "ಅಕ್ಕಾ, ಅರಿಶಿನ ಕುಂಕುಮಕ್ಕೆ" ಎಂದು ಸೀರೆಯೋ, ಕುಕ್ಕರೋ, ಮೂಗುಬೊಟ್ಟೋ, ಒಂದು ಕವರೋ ಕೊಟ್ಟು ಹೋಗುವುದು ಹೊಸದಲ್ಲ. ಕೊಡುವುದೂ ತಪ್ಪು, ತೆಗೆದುಕೊಳ್ಳುವುದೂ ತಪ್ಪು, ಕಾನೂನೇ ಹಾಗೆ ಹೇಳುತ್ತದೆ. ಕಾನೂನನ್ನು ಬದಿಗಿಟ್ಟು ಬರೀ ಗೃಹಿಣಿಯ ಲೆಕ್ಕದಲ್ಲೇ ನೋಡಿ. ಒಂದು ವೋಟಿಗೆ ಸಾವಿರ ರೂಪಾಯಿ ಎಂದಿಟ್ಟುಕೊಳ್ಳಿ. ಐದು ವರ್ಷಕ್ಕೆ ಹಂಚಿದರೆ ವರ್ಷಕ್ಕೆ 200. ದಿನಕ್ಕೆ 55 ಪೈಸೆ. ಐವತ್ತೈದು ಪೈಸೆಗೆ ಒಂದು ಕಟ್ಟು ಕೊತ್ತಂಬರಿ ಬರುತ್ತದೆಯೇ? ಕರಿಬೇವೂ ಇಲ್ಲ! ಅದೇ ನೀರು ಬಾರದ ದಿನ ಟ್ಯಾಂಕರಿಗೆ ನೀವು ಕೊಟ್ಟದ್ದೆಷ್ಟು? ಸೊಳ್ಳೆಯಿಂದ ಮಗುವಿಗೆ ಡೆಂಗ್ಯೂ ಬಂದಾಗ ಆಸ್ಪತ್ರೆಗೆ ಸುರಿದದ್ದೆಷ್ಟು? ಕೊಟ್ಟವರು ಆ ದುಡ್ಡನ್ನು ನಿಮ್ಮ ಚರಂಡಿಯ ಸಿಮೆಂಟಿನಿಂದಲೇ ವಸೂಲು ಮಾಡುತ್ತಾರೆ ಎಂಬುದನ್ನು ಬೇರೆ ಹೇಳಬೇಕೇ?

ವೋಟು ಗುಟ್ಟಿನದು. ಮರೆಯ ಹಿಂದೆ ನೀವೂ, ಆ ಮಿಷನ್ನೂ ಇಬ್ಬರೇ. ಯಜಮಾನರು, ಮಾವನವರು, ಜಾತಿಯ ಮುಖಂಡರು ಯಾರು ಏನೇ ಹೇಳಿರಲಿ, ಬಟನ್ ಒತ್ತುವ ಬೆರಳು ನಿಮ್ಮದು. ಆ ಬೆರಳಿಗೆ ಹಚ್ಚುವ ಅಳಿಸದ ಶಾಯಿ ನಮ್ಮ ಮೈಸೂರಿನದೇ ಎಂದು ಗೊತ್ತೇ? 1937ರಲ್ಲಿ ನಾಲ್ವಡಿ ಕೃಷ್ಣರಾಜ ಒಡೆಯರ ಕಾಲದಲ್ಲಿ ಆರಂಭವಾದ ಅರಗು ಮತ್ತು ಬಣ್ಣದ ಕಾರ್ಖಾನೆ 1962ರ ಮಹಾಚುನಾವಣೆಯಿಂದ ಅದನ್ನು ತಯಾರಿಸಿ ಕೊಡುತ್ತಿದೆ.

ನೀವು ಮಾಡಬಹುದಾದ್ದು

ಹೊಸರುಚಿ ಮಾಡುವ ಮೊದಲು ಸಾಮಾನು ಜೋಡಿಸಿಕೊಳ್ಳುವ ಹಾಗೆ, ಇವಿಷ್ಟನ್ನು ಒಂದು ಹಾಳೆಯಲ್ಲಿ ಬರೆದು ಅಡಿಗೆಮನೆಯ ಬಾಗಿಲಿಗೆ ಅಂಟಿಸಿಕೊಳ್ಳಿ.

1. ನಿಮ್ಮ ವಾರ್ಡಿನ ನಂಬರು, ಸದಸ್ಯರ ಹೆಸರು, ಫೋನು. ಸದಸ್ಯರಿಲ್ಲದ ಕಾಲವಾದರೆ ಮುಖ್ಯಾಧಿಕಾರಿಗಳ, ಇಂಜಿನಿಯರರ, ಆರೋಗ್ಯ ನಿರೀಕ್ಷಕರ ಫೋನು. ನೀರು ಬಿಡುವವನ ಫೋನನ್ನಂತೂ ಮರೆಯಬೇಡಿ.

2. ಮತದಾರರ ಪಟ್ಟಿಯಲ್ಲಿ ಮನೆಯವರೆಲ್ಲರ ಹೆಸರು ಇದೆಯೇ ನೋಡಿ. ಮದುವೆಯಾಗಿ ಬಂದ ಸೊಸೆಯ ಹೆಸರು ತವರಿನಲ್ಲೇ ಉಳಿದಿರುತ್ತದೆ. ಅದನ್ನು ಇಲ್ಲಿಗೆ ವರ್ಗಾಯಿಸಲು 8ನೇ ನಮೂನೆ, ಹೊಸದಾಗಿ ಸೇರಿಸಲು 6ನೇ ನಮೂನೆ. ಹದಿನೇಳು ತುಂಬಿದ ಮಗಳೂ ಮುಂಚಿತವಾಗಿ ಅರ್ಜಿ ಕೊಡಬಹುದು. ನಿಮ್ಮ ಮತಗಟ್ಟೆಯ ಅಧಿಕಾರಿ ಅನೇಕ ಕಡೆ ಅಂಗನವಾಡಿ ಟೀಚರ್ ಅಥವಾ ಶಾಲೆಯ ಮೇಷ್ಟರೇ ಆಗಿರುತ್ತಾರೆ, ಅವರನ್ನು ಕೇಳಿ. 1950ಕ್ಕೆ ಫೋನು ಮಾಡಿದರೂ ತಿಳಿಸುತ್ತಾರೆ.

3. ದೂರನ್ನು ಬಾಯಲ್ಲಿ ಹೇಳಿ ಬರಬೇಡಿ. ಬಿಳಿ ಹಾಳೆಯಲ್ಲಿ ಬರೆದು, ಅಕ್ಕಪಕ್ಕದವರ ಸಹಿ ಹಾಕಿಸಿ, ಎರಡು ಪ್ರತಿ ಒಯ್ಯಿರಿ. ಒಂದನ್ನು ಕೊಟ್ಟು, ಇನ್ನೊಂದರ ಮೇಲೆ ಸೀಲು, ತಾರೀಖು ಹಾಕಿಸಿಕೊಂಡು ಬನ್ನಿ. ಆ ಸೀಲಿಗೆ ಇರುವ ಶಕ್ತಿ ನಮ್ಮ ಗಂಟಲಿಗಿಲ್ಲ.

4. ಉತ್ತರ ಬಾರದಿದ್ದರೆ 2005ರ ಮಾಹಿತಿ ಹಕ್ಕಿನ ಕಾಯ್ದೆ ಇದೆ. ಹತ್ತು ರೂಪಾಯಿ ಶುಲ್ಕ ಕಟ್ಟಿ "ನಮ್ಮ ವಾರ್ಡಿಗೆ ಈ ವರ್ಷ ಯಾವ ಕಾಮಗಾರಿ, ಎಷ್ಟು ಹಣ?" ಎಂದು ಕೇಳಬಹುದು.

5. ವೋಟು ಕೇಳಲು ಬಂದವರಿಗೆ ನೀರು ಕೊಟ್ಟು ಕೂರಿಸಿ, ಮೂರು ಪ್ರಶ್ನೆ ಕೇಳಿ. ನೀರು ಎಷ್ಟು ದಿನಕ್ಕೊಮ್ಮೆ ಬಿಡಿಸುತ್ತೀರಿ? ವರ್ಷಕ್ಕೊಮ್ಮೆಯಾದರೂ ಬೀದಿಯವರನ್ನು ಸೇರಿಸಿ ಲೆಕ್ಕ ಹೇಳುತ್ತೀರಾ? ಮಹಿಳೆಯಾದರೆ, ಫೋನು ನೀವೇ ಎತ್ತುತ್ತೀರಾ?

6. ಪಾಲಿಕೆ ಇರುವ ಊರಿನವರಾದರೆ ವಾರ್ಡ್ ಸಮಿತಿಯ ಬಗ್ಗೆ ವಿಚಾರಿಸಿ. 2011ರ ತಿದ್ದುಪಡಿ ಅದರಲ್ಲಿ ಹತ್ತು ಮಂದಿಯಿರಬೇಕು, ಅವರಲ್ಲಿ ಮೂವರಾದರೂ ಮಹಿಳೆಯರಿರಬೇಕು ಎಂದಿತು. ಆ ಮೂವರಲ್ಲಿ ನೀವೇಕೆ ಒಬ್ಬರಾಗಬಾರದು?

ಕೊನೆಗೊಂದು ಮಾತು

ಮನೆಯ ಗಡಿ ಹೊಸ್ತಿಲಿಗೆ ಮುಗಿಯುವುದಿಲ್ಲ. ನಾವು ಬೆಳಿಗ್ಗೆ ಎದ್ದು ಅಂಗಳ ಗುಡಿಸಿ, ಸಾರಿಸಿ, ರಂಗೋಲಿ ಇಡುತ್ತೇವೆ. ಅದರಿಂದ ಎರಡು ಹೆಜ್ಜೆ ಆಚೆ ಚರಂಡಿ. ರಂಗೋಲಿ ನಮ್ಮದು, ಚರಂಡಿ ಯಾರದ್ದೋ ಎಂದು ಇಷ್ಟು ದಿನ ಅಂದುಕೊಂಡೆವು. ಆದರೆ ಅಲ್ಲಿ ಹುಟ್ಟಿದ ಸೊಳ್ಳೆ ರಂಗೋಲಿ ದಾಟಿ ತೊಟ್ಟಿಲ ತನಕ ಬರುತ್ತದಲ್ಲ?

ನಾಳೆ ಬೆಳಿಗ್ಗೆ ನಲ್ಲಿ ಮತ್ತೆ ಬುಸ್ಸೆಂದರೆ ಎದುರು ಮನೆಯಾಕೆ "ಯಾರಿಗೆ ಹೇಳೋದು?" ಎಂದು ಕೇಳುತ್ತಾರೆ. ಆಗ "ಬಿಡಿ" ಎನ್ನಬೇಡಿ. "ಬನ್ನಿ, ಹತ್ತು ಗಂಟೆಗೆ ಅಡಿಗೆ ಮುಗಿಸಿ ಒಟ್ಟಿಗೆ ಹೋಗೋಣ. ನಾನು ಅರ್ಜಿ ಬರೆದಿಟ್ಟಿದ್ದೀನಿ, ನಿಮ್ಮದೊಂದು ಸಹಿ ಹಾಕಿ" ಎನ್ನಿ.